ಶವದ ಗಾಡಿಯೇ ನನ್ನ ಚಿತ್ರದ ಹೀರೊ

ಆಸ್ಟ್ರಿಯಾ ಆಳಿದ ಹಾಬ್ಸ್‌ಬರ್ಗ್ ರಾಜಮನೆತನದ ಡಾಕ್ಯುಮೆಂಟರಿ ಅಂದರೆ ಗೊತ್ತೇ ಇದೆ. ಅರಮನೆ ಮೇಲೆ ಡ್ರೋನ್, ಮೀಸೆ ಅಂಟಿಸಿಕೊಂಡ ನಟ, ನಡುನಡುವೆ ಪ್ರೊಫೆಸರ್. ನನ್ನ ಮೊದಲ ಕಟ್ ಕೂಡ ಅದೇ ಜಾತಿ. 1848ರಲ್ಲಿ ಹದಿನೆಂಟರ ಹುಡುಗ ಫ್ರಾಂಜ್ ಜೋಸೆಫ್ ಚಕ್ರವರ್ತಿ ಪಟ್ಟಕ್ಕೆ ಬರುವುದರಿಂದ ಶುರು, ಹತ್ತಿರ ಹತ್ತಿರ ಒಂದೂವರೆ ಗಂಟೆ. ನೋಡಲು ಕರೆದ ಸ್ನೇಹಿತರು ಅರ್ಧಕ್ಕೇ ಫೋನ್ ತೆಗೆದರು.

ವಿಯೆನ್ನಾದ ಶ್ಯೋನ್‌ಬ್ರುನ್ ಅರಮನೆಯ ಆವರಣದಲ್ಲಿ ರಾಜರ ಸಾರೋಟುಗಳ ಮ್ಯೂಸಿಯಂ ಇದೆ. ಅಲ್ಲಿನ ಕಪ್ಪು ಶವದ ಗಾಡಿ ನೋಡಿದ ಮೇಲೆ ಆ ಕಟ್ ಪಕ್ಕಕ್ಕಿಟ್ಟೆ. 1916ರ ನವೆಂಬರ್ 30ರಂದು ಫ್ರಾಂಜ್ ಜೋಸೆಫ್‌ನ ಕೊನೆಯ ಮೆರವಣಿಗೆ ಇದರಲ್ಲೇ. ಹಿಂದೆ ನಡೆದವರು ಹೊಸ ಚಕ್ರವರ್ತಿ ಕಾರ್ಲ್, ಹೆಂಡತಿ ಜೀಟಾ, ನಡುವೆ ನಾಲ್ಕು ವರ್ಷದ ಮಗ ಒಟ್ಟೊ. ಎರಡೇ ವರ್ಷಕ್ಕೆ ಸಾಮ್ರಾಜ್ಯ ಮುಗಿಯಿತು. ದೇಶ ಬಿಟ್ಟ ಜೀಟಾ ಮತ್ತೆ ಆಸ್ಟ್ರಿಯಾಕ್ಕೆ ಕಾಲಿಟ್ಟದ್ದು 1982ರಲ್ಲಿ. 1989ರಲ್ಲಿ, 96ರ ವಯಸ್ಸಿನಲ್ಲಿ ತೀರಿಕೊಂಡಾಗ ಆಕೆಯನ್ನು ಹೊತ್ತದ್ದು ಅದೇ ಗಾಡಿ. ಒಂದು ಚಿತ್ರಕ್ಕೆ ಇಷ್ಟು ಸಾಲದಾ?

"ಹೆಣದ ಗಾಡಿ ಹೀರೊನಾ? ಮನೆಮಂದಿ ಕೂತು ನೋಡೋದು ಬೇಡ್ವಾ?" ಅಂತ ಚಾನೆಲ್‌ನವರೊಬ್ಬರು ಕೈಬಿಟ್ಟರು. ನಾನು ಬಿಡಲಿಲ್ಲ.

ದುಡ್ಡು ತಿಂದದ್ದು 1989ರ ಟಿವಿ ತುಣುಕು. ಸೆಕೆಂಡ್ ಲೆಕ್ಕದಲ್ಲಿ ರೇಟು. ನಲವತ್ತು ಸೆಕೆಂಡಿಗೇ ಒಂದೂವರೆ ಲಕ್ಷದ ಹತ್ತಿರ ಹೋಯಿತು. 1916ಕ್ಕೆ ಫುಟೇಜ್ ಕೊಳ್ಳಲೇ ಇಲ್ಲ. ವಿಯೆನ್ನಾದ ನಾಷ್‌ಮಾರ್ಕ್ಟ್ ಮಾರುಕಟ್ಟೆಯಲ್ಲಿ ಶನಿವಾರ ಹಳೆ ಸಾಮಾನಿನ ಸಂತೆ ಇರುತ್ತದೆ. ಅಲ್ಲಿ ಎರಡು ಮೂರು ಯುರೋಗೆ ಒಂದರಂತೆ ಹಳೆ ಪೋಸ್ಟ್‌ಕಾರ್ಡ್ ಆರಿಸಿ ಮ್ಯಾಕ್ರೊ ಲೆನ್ಸಿನಲ್ಲಿ ತೀರಾ ಹತ್ತಿರದಿಂದ ಹಿಡಿದೆ. ಕಾರ್ಡಿನೊಳಗಿನ ಜನ ಅಲ್ಲಾಡಿದ ಹಾಗೆ ಕಾಣುತ್ತಾರೆ, ಹೇಗೆ ಅಂತ ಎಲ್ಲರೂ ಕೇಳುತ್ತಾರೆ. ಕಂಪ್ಯೂಟರ್ ಅಲ್ಲ, ಬರೀ ಲೈಟಿಂಗ್. ಮಿಕ್ಕಿದ್ದು ನನ್ನ ಹತ್ತಿರವೇ ಇರಲಿ.

ಗಾಡಿಯ ಕಪ್ಪು ಮೈ ಮಾತ್ರ ಕಾಟ ಕೊಟ್ಟಿತು. ಎಲ್ಲಿಟ್ಟರೂ ಕ್ಯಾಮೆರಾನೇ ಅದರಲ್ಲಿ ಕಾಣುತ್ತಿತ್ತು. ಪ್ರತಿಫಲನ ತಗ್ಗಿಸುವ ಪೋಲರೈಸರ್ ಫಿಲ್ಟರೂ ಸಾಲಲಿಲ್ಲ, ಕೊನೆಗೆ ನಾನೇ ಕಪ್ಪು ಬಟ್ಟೆ ಹೊದ್ದು ನಿಂತೆ.

ಗೊರಸಿನ ಸದ್ದಿನದ್ದು ಇನ್ನೊಂದು ಕಥೆ. ವಿಯೆನ್ನಾದ ಕುದುರೆ ಗಾಡಿಗಳ ಸದ್ದಿನ ಜೊತೆ ಟ್ರಾಫಿಕ್ಕೂ ಬರುತ್ತಿತ್ತು. ಮೈಸೂರಿನಲ್ಲಿ ಬೆಳಗಿನ ಜಾವ ಒಂದು ಟಾಂಗಾ ಓಡಿಸಿ ರೆಕಾರ್ಡ್ ಮಾಡಿ, ಪದರ ಪದರವಾಗಿ ಸೇರಿಸಿದೆ. ಟಾಂಗಾದವರಿಗೆ ಎಂಟುನೂರು ಕೊಟ್ಟ ನೆನಪು. ಮಿಕ್ಸ್ ಮಾಡಿದ ವಿಯೆನ್ನಾದ ಸೌಂಡ್ ಎಂಜಿನಿಯರ್‌ಗೂ ಗೊತ್ತಾಗಲಿಲ್ಲ!

ಎಡಿಟ್‌ನಲ್ಲಿ ಒಂದು ಲಾಭ ಸಿಕ್ಕಿತು. ಕಾರ್ಲ್ ಮದೈರಾ ದ್ವೀಪದಲ್ಲಿ ಸತ್ತದ್ದು 1922ರ ಏಪ್ರಿಲ್ 1. ಜೀಟಾಳ ಶವಯಾತ್ರೆ 1989ರ ಏಪ್ರಿಲ್ 1. ಎರಡನ್ನೂ ಕಾಮೆಂಟರಿ ಇಲ್ಲದೆ ಪಕ್ಕಪಕ್ಕ ಇಟ್ಟೆ, ತಾರೀಕು ಮಾತ್ರ ಪರದೆ ಮೇಲೆ. ತೋರಿಸಿದ ಕಡೆಯೆಲ್ಲ ಪ್ರಶ್ನೆ ಬರುವುದು ಅಲ್ಲೇ.

ಚಿತ್ರ ಈಗ ಐವತ್ತು ನಿಮಿಷದ ಆಸುಪಾಸು. ಯುರೋಪಿನ ಒಂದು ಸಣ್ಣ ಚಾನೆಲ್ ಕೊಂಡಿತು, ಹಾಕಿದ್ದರಲ್ಲಿ ಮುಕ್ಕಾಲು ಭಾಗ ವಾಪಸ್ ಬಂತು. ಕಾರ್ಲ್‌ನ ಸಮಾಧಿ ಇನ್ನೂ ಮದೈರಾದಲ್ಲೇ ಇದೆ. ಅಲ್ಲಿಗೆ ಹೋಗಲು ದುಡ್ಡಿರಲಿಲ್ಲ. ಅಲ್ಲಿಯವರನ್ನೇ ಹಿಡಿದು ಅರ್ಧ ದಿನಕ್ಕೆ ಇನ್ನೂರು ಯುರೋ ಕೊಟ್ಟು ಶಾಟ್ ತರಿಸಿಕೊಂಡೆ. ಚಿತ್ರದಲ್ಲಿ ಆರು ಸೆಕೆಂಡ್ ಇದೆ.