ಯು ಸ್ಟ್ರೀಟಿನಲ್ಲಿ ಊಟಕ್ಕೆ ಮುಂಚಿನ ಎರಡು ಗಂಟೆ

ವಾಷಿಂಗ್ಟನ್ನಿಗೆ ಬರುವ ನಮ್ಮವರಿಗೆ ಊರು ತೋರಿಸುವುದೆಂದರೆ ಶ್ವೇತಭವನದ ಬೇಲಿ, ಲಿಂಕನ್ ಸ್ಮಾರಕದ ಮೆಟ್ಟಿಲು, ವಿಮಾನಗಳ ಸಂಗ್ರಹಾಲಯ, ಕೊನೆಗೆ ಮೇರಿಲ್ಯಾಂಡಿನ ಯಾವುದಾದರೂ ಹೋಟೆಲಿನಲ್ಲಿ ಮಸಾಲೆ ದೋಸೆ. ನಾನೂ ಬಹಳ ವರ್ಷ ಹಾಗೆಯೇ ತೋರಿಸಿದೆ. 2017ರ ಬೇಸಿಗೆಯಲ್ಲಿ ಬಂದಿದ್ದ ಅಪ್ಪ ಮೂರನೆಯ ದಿನ ಸಂಜೆ ಕೇಳಿದರು: "ಈ ಊರಿನಲ್ಲಿ ಜನ ಎಲ್ಲಿದ್ದಾರೆ?" ಅಷ್ಟು ಅಮೃತಶಿಲೆಯ ನಡುವೆ ಒಂದು ಕ್ಷೌರದಂಗಡಿಯೂ ಅವರ ಕಣ್ಣಿಗೆ ಬಿದ್ದಿರಲಿಲ್ಲ. ಮರುದಿನ ಮೆಟ್ರೊದ ಹಸಿರು ಮಾರ್ಗ ಹಿಡಿದು, ಕಪ್ಪು ಜನರ ಹಳೆಯ ಬೀದಿಯಾದ ಯು ಸ್ಟ್ರೀಟಿಗೆ ಕರೆದುಕೊಂಡು ಹೋದೆ. ನನಗೆ ಆಗ ಆ ಬೀದಿಯಲ್ಲಿ ಗೊತ್ತಿದ್ದದ್ದು ಎರಡು ಇಥಿಯೋಪಿಯನ್ ಹೋಟೆಲು ಮಾತ್ರ. ಈ ನಾಟಕಮಂದಿರ ಯಾರದು, ಆ ಗೋಡೆಯ ಮೇಲೆ ಬರೆದಿರುವ ಹೆಸರುಗಳು ಯಾರವು ಎಂದು ಅಪ್ಪ ಕೇಳುತ್ತ ಹೋದರು. ಒಂದಕ್ಕೂ ನನ್ನಲ್ಲಿ ಉತ್ತರವಿರಲಿಲ್ಲ. ಆ ನಾಚಿಕೆಯಿಂದ ಹುಟ್ಟಿದ ನಡಿಗೆಯನ್ನು ಈಗ ವರ್ಷಕ್ಕೆ ಆರೇಳು ಸಲ, ಕನ್ನಡದಲ್ಲಿ ನಡೆಸುತ್ತೇನೆ.

ಒಂದು ಚಳಿಗಾಲವಿಡೀ ಗ್ರಂಥಾಲಯದಲ್ಲಿ ಕುಳಿತೆ. ಬೀದಿಯುದ್ದಕ್ಕೂ ನೆಟ್ಟಿರುವ ಪಾರಂಪರಿಕ ದಾರಿಯ ಫಲಕಗಳನ್ನು ಪಾಠ ಒಪ್ಪಿಸುವವನಂತೆ ಓದಿದೆ. ಈ ನಗರದಲ್ಲಿ ಹಣ ಪಡೆದು ಊರು ತೋರಿಸುವವರು ಹಿಂದೆ ಪರೀಕ್ಷೆಯೊಂದನ್ನು ಪಾಸು ಮಾಡಬೇಕಿತ್ತು. 2014ರಲ್ಲಿ ಮೇಲ್ಮನವಿ ನ್ಯಾಯಾಲಯ ಅದನ್ನು ವಾಕ್‌ಸ್ವಾತಂತ್ರ್ಯಕ್ಕೆ ವಿರುದ್ಧವೆಂದು ತೆಗೆದುಹಾಕಿತು. ತೀರ್ಪು ಸರಿಯೇ ಇರಬಹುದು. ಆದರೆ ನನ್ನಂಥವನು ಯಾರೂ ತಡೆಯದೆ ಬಾಯಿಗೆ ಬಂದದ್ದನ್ನು ಹೇಳಿಕೊಂಡು ತಿರುಗಬಹುದಾದದ್ದೂ ಅದರಿಂದಲೇ.

ಮೊದಲ ನಡಿಗೆಯಲ್ಲಿ ಇಪ್ಪತ್ತೆರಡು ಜನ, ಜುಲೈ ತಿಂಗಳ ಬಿಸಿಲು, ನಾಲ್ಕು ಗಂಟೆಯ ಅಲೆದಾಟ. ಶೌಚಾಲಯ ಎಲ್ಲಿದೆಯೆಂದು ಯೋಚಿಸಿರಲಿಲ್ಲ. ಸೋಲ್ ಫುಡ್, ಅಂದರೆ ಕಪ್ಪು ಜನರ ಸಾಂಪ್ರದಾಯಿಕ ಅಡುಗೆಯ ಹೋಟೆಲೊಂದರಲ್ಲಿ ಕಾಲರ್ಡ್ ಸೊಪ್ಪನ್ನು ಎಲ್ಲರಿಗೂ ಹೇಳಿಬಿಟ್ಟೆ. ಸೊಪ್ಪಲ್ಲವೇ, ಏನಾದೀತು ಎಂಬ ಭಂಡಧೈರ್ಯ. ಹೊಗೆಯಲ್ಲಿ ಒಣಗಿಸಿದ ಹಂದಿಮಾಂಸ ಹಾಕಿ ಗಂಟೆಗಟ್ಟಲೆ ಕುದಿಸುವುದೇ ಅದರ ಸಾಂಪ್ರದಾಯಿಕ ಕ್ರಮ ಎಂದು ತಿಳಿದದ್ದು ಶಿವಮೊಗ್ಗದ ದಂಪತಿ ಎರಡನೆಯ ಸಲ ಬಡಿಸಿಕೊಂಡ ಮೇಲೆ. ಹೋಟೆಲಿನವರ ತಪ್ಪು ಏನೂ ಇರಲಿಲ್ಲ, ಕೇಳಬೇಕಾದವನು ನಾನು. ಅದೇ ದಿನ 13ನೆಯ ಬೀದಿಯಲ್ಲಿ ಜಾಝ್ ಸಂಗೀತಗಾರ ಡ್ಯೂಕ್ ಎಲಿಂಗ್ಟನ್ ಬಾಲ್ಯದಲ್ಲಿದ್ದ ಮನೆಯ ಮುಂದೆ ಗುಂಪು ಕಟ್ಟಿಕೊಂಡು ಗಟ್ಟಿಯಾಗಿ ಭಾಷಣ ಮಾಡುತ್ತಿದ್ದಾಗ ಪಕ್ಕದ ಬಾಗಿಲು ತೆರೆಯಿತು. "ಇಲ್ಲಿ ಜನ ವಾಸವಾಗಿದ್ದಾರೆ" ಎಂದಷ್ಟೇ ಹೇಳಿ ಆಕೆ ಬಾಗಿಲು ಹಾಕಿಕೊಂಡರು. ಅಪ್ಪನ ಪ್ರಶ್ನೆಗೆ ಹೀಗೆ ಉತ್ತರ ಸಿಕ್ಕಿತು.

ಈಗ ಹನ್ನೆರಡು ಜನಕ್ಕಿಂತ ಹೆಚ್ಚು ಕರೆದುಕೊಂಡು ಹೋಗುವುದಿಲ್ಲ. ದಾರಿ ಸುಮಾರು ಎರಡು ಕಿಲೋಮೀಟರ್. ಮನೆಗಳ ಮುಂದೆ ನಿಲ್ಲುವುದಿಲ್ಲ, ಎದುರು ಬದಿಯಿಂದ ತೋರಿಸಿ ಮುಂದೆ ಸಾಗುತ್ತೇವೆ. ಹೊರಡುವ ಮೊದಲು ಇನ್ನೊಂದು ಮಾತು ಹೇಳುತ್ತೇನೆ: "ಕರಿಯರು" ಎಂಬ ಪದ ಬೇಡ, ಕಪ್ಪು ಜನ ಅನ್ನೋಣ. ನಮ್ಮ ಭಾಷೆ ಅವರಿಗೆ ಎಲ್ಲಿ ತಿಳಿಯುತ್ತದೆ ಎಂದು ಯಾರಾದರೂ ಕೇಳಿಯೇ ಕೇಳುತ್ತಾರೆ. ತಿಳಿಯುವವರು ನಾವು ಹನ್ನೆರಡು ಜನ ಇದ್ದೇವಲ್ಲ ಎನ್ನುತ್ತೇನೆ. "ಆ ಕಡೆ ಹೋಗುವುದು ಕ್ಷೇಮವೇ?" ಎಂಬ ಫೋನು ಕೂಡ ಪ್ರತಿ ಸಲ ಬರುತ್ತದೆ. ಶನಿವಾರ ಬೆಳಿಗ್ಗೆ ಹತ್ತೂವರೆಗೆ ಆ ಬೀದಿಯಲ್ಲಿರುವ ದೊಡ್ಡ ಅಪಾಯವೆಂದರೆ ಕಾಫಿಯ ಬೆಲೆ.

ಮೆಟ್ರೊ ನಿಲ್ದಾಣಕ್ಕೆ ಎರಡು ದ್ವಾರ. 10ನೆಯ ಬೀದಿಯ ಕಡೆಯದನ್ನು ಹಿಡಿದರೆ ಎಸ್ಕಲೇಟರು ನೇರವಾಗಿ ಅಂತರ್ಯುದ್ಧದ ಕಪ್ಪು ಸೈನಿಕರ ಸ್ಮಾರಕದ ಎದುರಿಗೆ ತಂದು ಬಿಡುತ್ತದೆ. ಎಡ್ ಹ್ಯಾಮಿಲ್ಟನ್ ರೂಪಿಸಿದ ಕಂಚಿನ ಶಿಲ್ಪ, 1998ರದು. ಹಿಂದಿನ ಬಾಗಿದ ಗೋಡೆಯ ಮೇಲೆ 2,09,145 ಹೆಸರುಗಳಿವೆ. ಇಲ್ಲಿ ನಾನು ಹತ್ತು ನಿಮಿಷ ಬಾಯಿ ಮುಚ್ಚಿಕೊಂಡಿರುತ್ತೇನೆ. ಒಮ್ಮೆ ಒಂದು ಕುಟುಂಬ ತಮ್ಮ ಮುತ್ತಜ್ಜನ ಹೆಸರನ್ನು ಬೆರಳಿಟ್ಟು ಹುಡುಕುತ್ತಿತ್ತು. ನಮ್ಮ ಗುಂಪಿನ ಹುಡುಗಿಯೊಬ್ಬಳು ಹೋಗಿ ತಾನೂ ಹುಡುಕಲು ಸೇರಿಕೊಂಡಳು. ಅದಕ್ಕಿಂತ ಚೆನ್ನಾಗಿ ನಾನು ಏನನ್ನೂ ಹೇಳಲಾರೆ.

ಅಲ್ಲಿಂದ ಪಶ್ಚಿಮಕ್ಕೆ ನಡೆದರೆ ಕಟ್ಟಡಗಳ ಮಾತು ಶುರು. 11ನೆಯ ಬೀದಿಯ ಮೂಲೆಯಲ್ಲಿ ಇಂಡಸ್ಟ್ರಿಯಲ್ ಬ್ಯಾಂಕ್. 12ನೆಯದರ ಮೂಲೆಯಲ್ಲಿ 1903ರ ಟ್ರೂ ರಿಫಾರ್ಮರ್ ಭವನ. ನಕ್ಷೆ ಬರೆದ ಜಾನ್ ಲ್ಯಾಂಕ್‌ಫರ್ಡ್, ದುಡ್ಡು ಹಾಕಿದವರು, ಕಟ್ಟಿದವರು ಎಲ್ಲರೂ ಕಪ್ಪು ಜನ. ಅಲ್ಲಿಂದ ತುಸು ದಕ್ಷಿಣಕ್ಕೆ ತಿರುಗಿದರೆ 13ನೆಯ ಬೀದಿ ಮತ್ತು ಟಿ ಸ್ಟ್ರೀಟ್ ಸೇರುವಲ್ಲಿ ವೈಟ್‌ಲಾ ಹೋಟೆಲು. ಕೂಲಿಯಾಗಿ ಇಟ್ಟಿಗೆ ಹೊತ್ತಿದ್ದ ಜಾನ್ ವೈಟ್‌ಲಾ ಲೂಯಿಸ್ ಜನರಿಗೆ ಷೇರು ಮಾರಿ ಹಣ ಕೂಡಿಸಿ 1919ರಲ್ಲಿ ಇದನ್ನು ತೆರೆದರು. ನಗರದ ಬೇರೆ ಒಳ್ಳೆಯ ಹೋಟೆಲುಗಳಲ್ಲಿ ಕೋಣೆ ಸಿಗದ ಸಂಗೀತಗಾರರು, ವಕೀಲರು ಇಲ್ಲಿ ಇಳಿಯುತ್ತಿದ್ದರು. ನ್ಯೂಯಾರ್ಕಿನ ನಾಟಕಮಂದಿರಗಳ ಬೀದಿಯ ಹೆಸರು ಹಿಡಿದು 'ಕಪ್ಪು ಬ್ರಾಡ್‌ವೇ' ಎಂದು ಹೆಸರಾದ ಬೀದಿ ಇದು. ಈಗಿನವರು ಅದನ್ನು ವೈಭವವೆಂದು ಹೇಳಿಕೊಳ್ಳುತ್ತಾರೆ. ವೈಭವವೇ ನಿಜ, ಆದರೆ ಅದರ ಬೇರು ಇರುವುದು ಉಳಿದೆಡೆ ಮುಚ್ಚಿದ ಬಾಗಿಲುಗಳಲ್ಲಿ.

ಹಾಗಾಗಿ ಊಟದ ಕಥೆಯನ್ನು ನಾನು ಈ ಬೀದಿಯಲ್ಲಿ ಇಲ್ಲದ ಒಂದು ಹೋಟೆಲಿನಿಂದ ಶುರು ಮಾಡುತ್ತೇನೆ. ನಗರದ ನಡುಭಾಗದಲ್ಲಿ ಥಾಂಪ್ಸನ್ಸ್ ಎಂಬ ಉಪಾಹಾರಗೃಹವಿತ್ತು. 1950ರಲ್ಲಿ 86 ವರ್ಷದ ಕಪ್ಪು ಮಹಿಳೆ, ಹಕ್ಕುಗಳ ಹೋರಾಟಗಾರ್ತಿ ಮೇರಿ ಚರ್ಚ್ ಟೆರೆಲ್ ಸಂಗಡಿಗರೊಂದಿಗೆ ಅಲ್ಲಿಗೆ ಹೋಗಿ ತಟ್ಟೆ ಹಿಡಿದು ನಿಂತರು. ಬಡಿಸಲಿಲ್ಲ. ಮರ್ಯಾದಸ್ಥರಾದ ಯಾರೇ ಬಂದರೂ ಬಡಿಸಬೇಕೆಂಬ ಕಾನೂನು ಈ ನಗರದಲ್ಲಿ 1872 ಮತ್ತು 1873ರಲ್ಲೇ ಆಗಿತ್ತು. ಅದನ್ನು ಯಾರೂ ರದ್ದು ಮಾಡಿರಲಿಲ್ಲ, ಮುಂದೆ ಅಚ್ಚಾದ ಪುಸ್ತಕಗಳಿಂದ ಸದ್ದಿಲ್ಲದೆ ಬಿಟ್ಟುಬಿಟ್ಟಿದ್ದರು, ಅಷ್ಟೇ. ಟೆರೆಲ್ ಮತ್ತು ಸಂಗಡಿಗರು ಮೊಕದ್ದಮೆ ನಡೆಸಿದರು, ಅಂಗಡಿಗಳ ಮುಂದೆ ಚಳಿಯಲ್ಲಿ ಫಲಕ ಹಿಡಿದು ನಿಂತರು. 1953ರ ಜೂನ್ 8ರಂದು ಸುಪ್ರೀಂ ಕೋರ್ಟು ಆ ಹಳೆಯ ಕಾನೂನು ಇನ್ನೂ ಜೀವಂತವಾಗಿದೆ ಎಂದಿತು.

ಎರಡು ವರ್ಷದ ಹಿಂದೆ ಇದನ್ನು ಹೇಳಿ ಮುಗಿಸಿದಾಗ ಕೋಲಾರ ಕಡೆಯ ನಿವೃತ್ತ ಮೇಷ್ಟ್ರೊಬ್ಬರು, ಅದುವರೆಗೂ ಮಾತೇ ಆಡದಿದ್ದವರು, ಹೇಳಿದರು: "ನಮ್ಮಪ್ಪನಿಗೆ ಹೋಟೆಲಿನ ಹಿಂದೆ ತೆಂಗಿನ ಚಿಪ್ಪಿನಲ್ಲಿ ಕಾಫಿ ಹುಯ್ಯುತ್ತಿದ್ದರು. ಚಿಪ್ಪನ್ನು ತೊಳೆದು ಮರದ ಸಂದಿಯಲ್ಲಿ ಇಟ್ಟು ಬರಬೇಕಿತ್ತು." ಗುಂಪಿನಲ್ಲಿ ಯಾರೂ ಏನೂ ಹೇಳಲಿಲ್ಲ. ಜಾತಿಯನ್ನೂ ವರ್ಣವನ್ನೂ ಹೋಲಿಸಿ ನಾನು ಸಿದ್ಧಪಡಿಸಿಕೊಂಡಿದ್ದ ಎರಡು ಪುಟದ ಟಿಪ್ಪಣಿಯನ್ನು ಅಂದಿನಿಂದ ತೆರೆದಿಲ್ಲ.

ಮುಂದೆ ಬೆನ್ಸ್ ಚಿಲಿ ಬೌಲ್. ನಮ್ಮವರಿಗೆ ಇದು ಹೆಚ್ಚು ಹಿಡಿಸುವುದು ಮಾಲೀಕರ ಮೂಲದಿಂದ. ಬೆನ್ ಅಲಿ ಟ್ರಿನಿಡಾಡಿನಲ್ಲಿ ಹುಟ್ಟಿದ ಭಾರತೀಯ ಮೂಲದವರು, ಹೋವರ್ಡ್ ವಿಶ್ವವಿದ್ಯಾಲಯದಲ್ಲಿ ಓದಿದವರು. ಪತ್ನಿ ವರ್ಜೀನಿಯಾ ಅವರೊಂದಿಗೆ 1958ರ ಆಗಸ್ಟಿನಲ್ಲಿ, ಹಿಂದೆ ಮೂಕಿ ಚಿತ್ರಮಂದಿರವಾಗಿದ್ದ ಕಟ್ಟಡದಲ್ಲಿ ಅಂಗಡಿ ತೆರೆದರು. ಇಲ್ಲಿಯ ಹಾಫ್ ಸ್ಮೋಕ್ ಎಂಬುದು ಹಂದಿ, ದನ ಎರಡರ ಮಾಂಸವೂ ಸೇರಿದ ಸಾಸೇಜು. ಮೇಲೆ ಚಿಲಿ ಎಂಬ ಖಾರದ ಮಾಂಸದ ಗೊಜ್ಜು, ಸಾಸಿವೆ, ಈರುಳ್ಳಿ. ತಿನ್ನುವವರು ತಿನ್ನಲಿ, ಉಳಿದವರಿಗೆ ಮಾಂಸವಿಲ್ಲದ ಚಿಲಿಯೂ ಇದೆ. ಮುಂಚೆಯೇ ಫೋನು ಮಾಡಿ ಹೋಗುತ್ತೇನೆ, ರುಚಿ ನೋಡಲೆಂದು ಪುಕ್ಕಟೆ ತುಣುಕು ಕೇಳುವುದಿಲ್ಲ. ಪ್ರತಿಯೊಬ್ಬರೂ ಏನಾದರೊಂದನ್ನು ಪೂರ್ತಿ ಬೆಲೆ ಕೊಟ್ಟು ಕೊಳ್ಳಬೇಕು, ಶೇಕಡಾ 20 ಟಿಪ್ಸ್ ಇಡಬೇಕು. ಇದೊಂದು ವಿಷಯದಲ್ಲಿ ನಾನು ಜಗಳಗಂಟ.

1968ರ ಏಪ್ರಿಲ್ 4ರ ರಾತ್ರಿ ಮಾರ್ಟಿನ್ ಲೂಥರ್ ಕಿಂಗ್ ಕೊಲೆಯ ಸುದ್ದಿ ಬಂದಾಗ ಬೆಂಕಿ ಹತ್ತಿಕೊಂಡದ್ದು ಇಲ್ಲಿಗೆ ಹತ್ತಿರದ 14ನೆಯ ಬೀದಿಯಲ್ಲಿ. ಟ್ರಿನಿಡಾಡಿನಲ್ಲೇ ಹುಟ್ಟಿದ, ಕಪ್ಪು ಜನರ ಚಳವಳಿಯ ನಾಯಕ ಸ್ಟೋಕ್ಲಿ ಕಾರ್ಮೈಕಲ್ ಅವರ ಕೋರಿಕೆಯಂತೆ ಬೆನ್ಸ್ ಕರ್ಫ್ಯೂ ಹೊತ್ತಿನಲ್ಲೂ ತೆರೆದಿತ್ತು. ಚಳವಳಿಗಾರರೂ ಪೊಲೀಸರೂ ಒಂದೇ ಕೌಂಟರಿನಲ್ಲಿ ತಿಂದರು. ಆಮೇಲೆ ಬೀದಿ ಬಡವಾಯಿತು, ಮೆಟ್ರೊಗಾಗಿ ವರ್ಷಗಟ್ಟಲೆ ರಸ್ತೆ ಅಗೆದರು, ನಿಲ್ದಾಣ ತೆರೆದದ್ದು 1991ರಲ್ಲಿ.

ಈ ಭಾಗವನ್ನು ನಾನು ಮೊದಮೊದಲು "1968ರ ಗಲಭೆ" ಎಂದು ಹೇಳುತ್ತಿದ್ದೆ. ಒಮ್ಮೆ ನಡುನಡುವೆ ಇಂಗ್ಲಿಷಿನಲ್ಲಿ ವಿವರಿಸುತ್ತಿದ್ದಾಗ ಪಕ್ಕದ ಬೆಂಚಿನಲ್ಲಿದ್ದ ಹಿರಿಯ ಮಹಿಳೆಯೊಬ್ಬರು ಆ ಪದವನ್ನು ತಿದ್ದಿದರು. ನಾವು ಬಂಡಾಯವೆನ್ನುತ್ತೇವೆ ಎಂದರು. ಮನೆಗೆ ಬಂದು ಯೋಚಿಸಿದೆ. ನಮ್ಮಲ್ಲೂ 1857ರದ್ದು ಕೆಲವರಿಗೆ ಸಿಪಾಯಿ ದಂಗೆ, ಕೆಲವರಿಗೆ ಸ್ವಾತಂತ್ರ್ಯ ಸಂಗ್ರಾಮ. ಹಲಗಲಿಯ ಬೇಡರದ್ದನ್ನು ಗಲಭೆಯೆಂದರೆ ನಾನೇ ಎದ್ದು ಜಗಳವಾಡುತ್ತೇನೆ. ಮುಂದಿನ ವಾರ ಅದೇ ಬೆಂಚಿಗೆ ಹೋಗಿ ಅವರನ್ನು ಹುಡುಕಿ ಮಾತನಾಡಿಸಿದೆ. ಗ್ರಂಥಪಾಲಕಿಯಾಗಿ ನಿವೃತ್ತರಾದವರು. 1968ರಲ್ಲಿ ಅವರಿಗೆ ಹನ್ನೊಂದು ವರ್ಷ. ಬೆಂಕಿ ನಮ್ಮ ಸಾಲಿಗೂ ಬಂದೀತೆಂದು ಅಮ್ಮ ಸ್ನಾನದ ತೊಟ್ಟಿ, ಪಾತ್ರೆ, ಹೂಜಿ ಎಲ್ಲದರಲ್ಲೂ ನೀರು ತುಂಬಿಸಿದ್ದರಂತೆ. ಈಗ ಈ ಭಾಗವನ್ನು ಅವರೇ ಹೇಳುತ್ತಾರೆ, ನಾನು ಕನ್ನಡಕ್ಕೆ ಅನುವಾದಿಸುತ್ತೇನೆ. ನಡಿಗೆಯ ಶುಲ್ಕದಲ್ಲಿ ಅರ್ಧ ಅವರಿಗೆ. ಮೊದಲು ಅವರು ಬೇಡವೆಂದರು, ಆಮೇಲೆ ಮುಕ್ಕಾಲು ಕೇಳಿದರು. ಅರ್ಧಕ್ಕೆ ಒಪ್ಪಂದವಾಯಿತು.

2019ರ ಕಥೆಯನ್ನೂ ಅವರು ಬಿಡುವುದಿಲ್ಲ. 7ನೆಯ ಬೀದಿ ಮತ್ತು ಫ್ಲೋರಿಡಾ ಅವೆನ್ಯೂ ಕೂಡುವಲ್ಲಿ ಒಂದು ಮೊಬೈಲ್ ಅಂಗಡಿ ಎಷ್ಟೋ ವರ್ಷಗಳಿಂದ ಹೊರಗಿನ ಸ್ಪೀಕರಿನಲ್ಲಿ ಗೋ-ಗೋ ಎಂಬ, ಈ ನಗರದ ಕಪ್ಪು ಜನರದೇ ಆದ ಕುಣಿತದ ಸಂಗೀತ ಹಾಕುತ್ತಿತ್ತು. ಹೊಸ ಅಪಾರ್ಟ್‌ಮೆಂಟಿನ ಕಡೆಯಿಂದ ದೂರು ಹೋಯಿತು, ಸದ್ದು ನಿಂತಿತು. ಸಾವಿರಾರು ಜನ ಬೀದಿಗಿಳಿದು ಕುಣಿದ ಮೇಲೆ ಸ್ಪೀಕರು ಮತ್ತೆ ಹಾಡಿತು. ಮರುವರ್ಷ ಗೋ-ಗೋ ನಗರದ ಅಧಿಕೃತ ಸಂಗೀತವಾಯಿತು. 1970ರಲ್ಲಿ ಈ ನಗರದ ಶೇಕಡಾ 71ರಷ್ಟು ಜನ ಕಪ್ಪು ಜನರಾಗಿದ್ದರು. 2011ರ ಹೊತ್ತಿಗೆ ಅರ್ಧಕ್ಕಿಂತ ಕೆಳಗಿಳಿದರು. "ನಿಮ್ಮವರಲ್ಲಿ ಆ ಹೊಸ ಕಟ್ಟಡಗಳಲ್ಲಿ ಇರುವವರಿದ್ದಾರೆಯೇ?" ಎಂದು ಅವರು ಪ್ರತಿ ಸಲ ನಗುತ್ತ ಕೇಳುತ್ತಾರೆ. ಸಾಮಾನ್ಯವಾಗಿ ಒಬ್ಬರಾದರೂ ಇರುತ್ತಾರೆ.

ಊಟ ಕೊನೆಗೆ, 9ನೆಯ ಬೀದಿಯ ಆಸುಪಾಸಿನ ಇಥಿಯೋಪಿಯನ್ ಹೋಟೆಲಿನಲ್ಲಿ. ಬುಧವಾರ, ಶುಕ್ರವಾರ ಉಪವಾಸ ಮಾಡುವ ಅಲ್ಲಿನ ಕ್ರೈಸ್ತರಿಗಾಗಿ ಹಾಲು, ತುಪ್ಪ, ಮಾಂಸ ಏನೂ ಇಲ್ಲದ ಅಡುಗೆ ಇರುತ್ತದೆ. ಕಾಲರ್ಡ್ ಸೊಪ್ಪಿನ ಪ್ರಸಂಗದ ನಂತರ ಅದೇ ನನ್ನ ಪಾಲಿಗೆ ಅನ್ನಪೂರ್ಣೆ. ಟೆಫ್ ಎಂಬ ಕಿರುಧಾನ್ಯದ ಹಿಟ್ಟನ್ನು ಹಿಂದಿನ ಸಲದ ಹುಳಿನೀರು ಸೇರಿಸಿ ಹುದುಗಿಸಿ, ನೀರುದೋಸೆಯಂತೆ ಒಂದೇ ಮಗ್ಗುಲು ಬೇಯಿಸಿದ ಇಂಜೆರ. ಮೇಲೆ ಕೆಂಪು ಬೇಳೆಯ ಮಿಸಿರ್ ವೊಟ್, ಸೊಪ್ಪಿನ ಗೊಮೆನ್, ಕಡಲೆಹಿಟ್ಟಿನ ಶಿರೊ. ಇಲ್ಲಿ ನಾನು ರಾಗಿಯ ಮಾತು ತೆಗೆಯುತ್ತೇನೆ. ರಾಗಿಯನ್ನು ಮೊದಲು ಬೆಳೆದದ್ದು ಪೂರ್ವ ಆಫ್ರಿಕದ ಎತ್ತರದ ನಾಡುಗಳಲ್ಲಿ, ಇಥಿಯೋಪಿಯದಲ್ಲಿ ಅದಕ್ಕೆ ದಗುಸ್ಸ ಎನ್ನುತ್ತಾರೆ. ಜೋಳವೂ ಆಫ್ರಿಕದ್ದೇ. ಅಲಸಂದೆ ಪಶ್ಚಿಮ ಆಫ್ರಿಕದ್ದು, ಗುಲಾಮರ ಹಡಗುಗಳ ಕಾಲದಲ್ಲಿ ಅಮೆರಿಕಕ್ಕೂ ಬಂತು, ಅದಕ್ಕೆ ಬಹಳ ಹಿಂದೆ ಬೇರೆ ದಾರಿಯಲ್ಲಿ ನಮ್ಮಲ್ಲಿಗೂ ಬಂತು. ಮಂಡ್ಯದವರು ಇದನ್ನು ಸುಲಭವಾಗಿ ಒಪ್ಪುವುದಿಲ್ಲ. ಒಬ್ಬರು, ಮುದ್ದೆ ನುಂಗುವುದನ್ನು ಕಂಡುಹಿಡಿದವರಾದರೂ ನಾವೇ ತಾನೇ ಎಂದು ಚೌಕಾಸಿಗಿಳಿದರು.

ದೊಡ್ಡ ತಟ್ಟೆ ಒಂದೇ, ಸುತ್ತಲೂ ನಾಲ್ಕೈದು ಕೈ. ಎಂಜಲಿನ ಪ್ರಶ್ನೆ ಏಳುವುದು ಇಲ್ಲಿ. ಮೇಷ್ಟ್ರು ಚಿಪ್ಪಿನ ಮಾತು ಹೇಳಿದ ದಿನವೂ ಎದ್ದಿತು. ಅವರ ಪಕ್ಕ ಕುಳಿತಿದ್ದ ಮೈಸೂರಿನ ಅಜ್ಜಿಯೊಬ್ಬರು ತಟ್ಟೆ ನೋಡಿ, ನನಗೆ ಬೇರೆ ಇರಲಿ ಎಂದರು. ಹೇಳಿದ ಮೇಲೆ ತಾವು ಹೇಳಿದ್ದೇನೆಂದು ಅವರಿಗೇ ಹೊಳೆದಿರಬೇಕು, ಮುಖ ಸಣ್ಣದಾಯಿತು. ನಾನು ಏನಾದರೂ ಹೇಳುವಷ್ಟರಲ್ಲಿ ಮೇಷ್ಟ್ರು ಎದ್ದು ಕೌಂಟರಿಗೆ ಹೋಗಿ ಒಂದು ತಟ್ಟೆ ಕೇಳಿ ತಂದು ಅಜ್ಜಿಯ ಮುಂದಿಟ್ಟರು. ಅಜ್ಜಿ ಸ್ವಲ್ಪ ಹೊತ್ತು ಖಾಲಿ ತಟ್ಟೆಯನ್ನೇ ನೋಡುತ್ತ ಕುಳಿತರು. ಆಮೇಲೆ ಅದನ್ನು ಬದಿಗೆ ಸರಿಸಿ, ನಡುವಿನ ತಟ್ಟೆಯಿಂದ, ತಮ್ಮ ಕಡೆಯ ಅಂಚಿನ ಇಂಜೆರವನ್ನು ಒಂದು ಚೂರು ಹರಿದುಕೊಂಡರು. ಖಾಲಿ ತಟ್ಟೆಯನ್ನು ಬಿಲ್ಲು ತಂದ ಹುಡುಗ ಒಯ್ದ.

ಮುಂದಿನ ನಡಿಗೆ ಅಕ್ಟೋಬರಿನಲ್ಲಿದೆ. ಪ್ರತಿ ಸಲ ಮುಂಚಿನ ವಾರ ಒಬ್ಬನೇ ಹೋಗಿ ದಾರಿ ನೋಡಿ ಬರುತ್ತೇನೆ. ಬೆನ್ಸ್ ಪಕ್ಕದ ಗೋಡೆಯ ಚಿತ್ರ 2017ರಲ್ಲಿ ಬದಲಾದದ್ದು ತಿಳಿಯದೆ ಹಳೆಯ ಪುಸ್ತಕ ನೋಡಿ ವಿವರಿಸಿ ನಗೆಪಾಟಲಾದವನು ನಾನು. ಈ ಸಲ ನಾವು ನೀರು ಕುಡಿಯಲು ನಿಲ್ಲುತ್ತಿದ್ದ ಕ್ಷೌರದಂಗಡಿಯ ಗಾಜಿಗೆ ಒಳಗಿನಿಂದ ಕಂದು ಕಾಗದ ಅಂಟಿಸಿತ್ತು. ಗ್ರಂಥಪಾಲಕಿಗೆ ಫೋನು ಮಾಡಿ ಆ ನಿಲುಗಡೆಯನ್ನು ಪಟ್ಟಿಯಿಂದ ತೆಗೆಯಲೇ ಎಂದು ಕೇಳಿದೆ. ಬೇಡ, ಅಲ್ಲಿ ಐದು ನಿಮಿಷ ಹೆಚ್ಚು ಇಟ್ಟುಕೋ ಎಂದರು.