ಕಷ್ಟ ಕೇಳಬೇಡಿ, ಕೆಲಸ ಕೇಳಿ

ಚಿಕ್ಕಮಗಳೂರಿನ ಕಾಫಿ ಅಂದ ಕೂಡಲೇ ಬಾಬಾಬುಡನ್, ಏಳು ಬೀಜ, ಮಂಜು ಮುಸುಕಿದ ಬೆಟ್ಟ ಎಲ್ಲ ನೆನಪಾಗುತ್ತದೆ. ಹಣ್ಣು ಕೊಯ್ದವರು ಮಾತ್ರ ಯಾರಿಗೂ ನೆನಪಾಗುವುದಿಲ್ಲ. ನಾನು ಡಾಕ್ಯುಮೆಂಟರಿ ಮಾಡುವುದು ಅವರ ಬಗ್ಗೆ.

ಇದರಲ್ಲಿ ದುಡ್ಡಿಲ್ಲ, ಮೊದಲೇ ಹೇಳಿಬಿಡುತ್ತೇನೆ. ಮನೆ ನಡೆಯುವುದು ಮದುವೆ ಶೂಟಿಂಗ್, ಹೋಂಸ್ಟೇಗಳ ಪ್ರಚಾರದ ವಿಡಿಯೊಗಳಿಂದ. ಎಸ್ಟೇಟ್ ಬಂಗಲೆಯ ವರಾಂಡ ಚೆಂದ ಕಾಣುವ ಹಾಗೆ ತೆಗೆದು, ಬಂದ ಹಣದಲ್ಲಿ ಅದೇ ಸೀಮೆಯಲ್ಲಿ ತೋಟದ ಆಳುಗಳು ಇರುವ ಲೈನ್ ಮನೆಗಳ ಕಥೆ ತೆಗೆಯುವುದು. ತಮಾಷೆ ಅಲ್ವಾ?

ಶುರು ಮಾಡಿದ್ದು ಕುದುರೆಮುಖದ ಗಣಿ ಕಾರ್ಮಿಕರಿಂದ. ಇರಾನಿಗೆ ಕಬ್ಬಿಣದ ಅದಿರು ಕಳಿಸಲೆಂದು 1976ರಲ್ಲಿ ಕಂಪನಿ ಹುಟ್ಟಿತು. 1979ರಲ್ಲಿ ಅಲ್ಲಿ ಕ್ರಾಂತಿಯಾಗಿ ಆ ಗಿರಾಕಿಯೇ ಕೈಬಿಟ್ಟರೂ ಗಣಿ ನಡೆಯಿತು, ಅದಿರಿನ ಪುಡಿ ನೀರಲ್ಲಿ ಕಲೆತು ಪೈಪಿನಲ್ಲಿ ಘಟ್ಟ ಇಳಿದು ಮಂಗಳೂರಿಗೆ ಹೋಗುತ್ತಿತ್ತು. ಸುಪ್ರೀಂ ಕೋರ್ಟ್ ಆದೇಶದಂತೆ 2005ರ ಕೊನೆಗೆ ಎಲ್ಲ ನಿಂತಿತು. ಕಾಡು ಉಳಿದದ್ದು ಒಳ್ಳೆಯದೇ. ಆದರೆ ಟೌನ್‌ಶಿಪ್ ಖಾಲಿಯಾಗಿ ಕಾರ್ಮಿಕರು ಊರೂರಿಗೆ ಚದುರಿದರು. ನನಗೆ ಅವರ ಜಾಡು ಸಿಕ್ಕಿದ್ದು ಅಲ್ಲಿ ಓದಿದ ಮಕ್ಕಳ ವಾಟ್ಸಾಪ್ ಗುಂಪಿನಲ್ಲಿ.

ಕಾಫಿ ತೋಟ ಇನ್ನೂ ಕಷ್ಟ. ಧಣಿಗಳ ಒಪ್ಪಿಗೆ ಇಲ್ಲದೆ ಒಳಗೆ ಹೋಗುವ ಹಾಗಿಲ್ಲ, ಹೋದರೆ ತೋಟದ ಲೆಕ್ಕ ಬರೆಯುವ ರೈಟರ್ ಪಕ್ಕದಲ್ಲೇ ನಿಂತಿರುತ್ತಾರೆ, ಅವರ ಎದುರು ಎಲ್ಲರಿಗೂ ಎಲ್ಲವೂ ಚೆನ್ನಾಗಿಯೇ ಇರುತ್ತದೆ. ಹಾಗಾಗಿ ಮೊದಲ ಮಾತುಕತೆ ಸಂತೆಯಲ್ಲಿ, ಕ್ಯಾಮೆರಾ ಇಲ್ಲದೆ.

"ನಿಮ್ಮ ಕಷ್ಟ ಹೇಳಿ ಅಜ್ಜಿ" ಅಂದರೆ ಟಿವಿಯವರಿಗೆ ಹೇಳಿದ್ದನ್ನೇ ಹೇಳುತ್ತಾರೆ. "ಮಳೆಯಲ್ಲಿ ಕೆಲಸ ಮಾಡುವಾಗ ತಲೆಗೆ ಏನು ಹಾಕ್ಕೊಳ್ತಿದ್ರಿ?" ಎಂದು ಕೇಳಿ ನೋಡಿ. ಕಂಬಳಿ ಕೊಪ್ಪೆಯಿಂದ ಶುರುವಾಗುತ್ತದೆ, ನೆಂದ ಕಂಬಳಿಯ ಭಾರ, ಇಂಬಳಕ್ಕೆ, ಅಂದರೆ ಜಿಗಣೆಗೆ, ಹಚ್ಚುತ್ತಿದ್ದ ಸುಣ್ಣ, ಹೊಗೆಸೊಪ್ಪು, ಆಮೇಲೆ ಬಂದ ಪ್ಲಾಸ್ಟಿಕ್ ಶೀಟು, ಆ ಶೀಟಿಗೆ ದುಡ್ಡು ಕೊಟ್ಟವರು ಯಾರು, ಅಲ್ಲಿಂದ ಸೀದಾ ಕೂಲಿಗೆ. ಗಂಡಾಳಿಗೊಂದು, ಹೆಣ್ಣಾಳಿಗೊಂದು. ಸಮಾನ ವೇತನದ ಕಾಯ್ದೆ ಬಂದದ್ದು 1976ರಲ್ಲಿ. ತಮ್ಮ ತೋಟದಲ್ಲಿ ಅದು ಯಾವಾಗ ಜಾರಿಯಾಯಿತು ಎಂದು ಕೇಳಿದರೆ, ಆಗ ಯಾವ ಮಗು ಹೊಟ್ಟೆಯಲ್ಲಿತ್ತು ಎಂದು ಹೇಳುತ್ತಾರೆ. ಆ ಮಗುವಿನ ಶಾಲೆ ಸರ್ಟಿಫಿಕೇಟ್ ನೋಡಿದರೆ ನಿಮಗೆ ಇಸವಿ ಸಿಕ್ಕಿತು.

1951ರ ಪ್ಲಾಂಟೇಶನ್ ಕಾರ್ಮಿಕರ ಕಾಯ್ದೆಯಲ್ಲಿ ಮನೆ, ಕುಡಿಯುವ ನೀರು, ಮಕ್ಕಳನ್ನು ಬಿಡಲು ಶಿಶುಪಾಲನಾ ಕೇಂದ್ರ ಎಲ್ಲ ಇದ್ದವು. ಸುಮ್ನೆ ಓದಿ ಹೇಳಬೇಡಿ, ಮಕ್ಕಳನ್ನು ಎಲ್ಲಿ ಬಿಡುತ್ತಿದ್ದಿರಿ, ಜಾಗ ತೋರಿಸಿ ಅನ್ನಿ. ಹಾಗೆ ನಡೆಯುತ್ತಾ ಬರುವ ಮಾತು ಕುರ್ಚಿಯಲ್ಲಿ ಕೂರಿಸಿದರೆ ಬರುವುದಿಲ್ಲ.

ಮಳೆಗಾಲದಲ್ಲಿ ಶೀಟಿನ ಮಾಡಿನ ಕೆಳಗೆ ಧ್ವನಿ ರೆಕಾರ್ಡ್ ಮಾಡುವ ಆಸೆ ಬಿಡಿ. ಕೊಯ್ಲಿನ ಹೊತ್ತಲ್ಲಿ ಯಾರಿಗೂ ಪುರುಸೊತ್ತಿಲ್ಲ. ಕೊಯ್ಲು ಮುಗಿದು, ಕಾಫಿ ಹೂ ಅರಳಿಸುವ ಹೂಮಳೆಗೆ ಕಾಯುವ ದಿನಗಳೇ ನನಗೆ ಅನುಕೂಲ.

ಈಗ ಲೈನುಗಳಲ್ಲಿ ಅಸ್ಸಾಂ, ಜಾರ್ಖಂಡ್ ಕಡೆಯವರೂ ಇದ್ದಾರೆ. ಅವರ ಭಾಷೆ ಬಲ್ಲವರೊಬ್ಬರನ್ನು ಜತೆಗೆ ಕರೆದುಕೊಂಡು ಹೋಗುತ್ತೇನೆ, ದಿನದ ಕೂಲಿ ಕೊಡುತ್ತೇನೆ. ಕೆಲಸ ಬಿಟ್ಟು ಮಾತಿಗೆ ಕೂತವರಿಗೂ ಅಷ್ಟೇ ಕೊಡುತ್ತೇನೆ. ದುಡ್ಡು ಕೊಟ್ಟರೆ ಮಾತು ಕೆಡುತ್ತದೆ ಅನ್ನುವ ಗೆಳೆಯರಿದ್ದಾರೆ. ಅವರೆಲ್ಲ ತಿಂಗಳ ಸಂಬಳದವರು.