ಕೋರ್ಟು ಮಾರ್ಕ್ ಕೊಡುದಿಲ್ಲ: ನನ್ನ ಅನುಭವ

ಎಂಕಾಂ ಮಾಡುವಾಗ ಒಂದು ಪೇಪರ್ 4 ಮಾರ್ಕ್ ಕಮ್ಮಿಯಾಗಿ ಫೇಲ್ ಆಯ್ತು. ಯಾವ ಯೂನಿವರ್ಸಿಟಿ ಅಂತ ಇಲ್ಲಿ ಬೇಡ. ಚೆಂದ ಬರೆದಿದ್ದೆ ಅಂತ ನಂಗೆ ಗ್ಯಾರಂಟಿ ಇತ್ತು, ಎರಡು ದಿನ ಊಟ ಸೇರ್ಲಿಲ್ಲ, ಅಪ್ಪ ಬಿಡುದು ಬೇಡ ಕೇಸ್ ಹಾಕುವ ಅಂತ ಉಡುಪಿಯಲ್ಲಿ ಪರಿಚಯದ ವಕೀಲರ ಹತ್ರ ಕರ್ಕೊಂಡು ಹೋದ್ರು.

ಅವ್ರು ಮೊದಲು ಕೇಳಿದ್ದು, "ನಿನ್ನ ಆನ್ಸರ್ ಶೀಟ್ ನೋಡಿದ್ದೀಯಾ ಮಗಾ?" ಇಲ್ಲ ಅಂದೆ. "ಹಾಗಾದ್ರೆ ಜಡ್ಜಿಗೆ ತೋರಿಸ್ಲಿಕ್ಕೆ ಎಂತ ಉಂಟು?"

ಆಮೇಲೆ ನಿಧಾನಕ್ಕೆ ಹೇಳಿದ್ರು. ರಿಟ್ ಅಂದ್ರೆ ನೇರ ಹೈಕೋರ್ಟಿಗೆ ಕೊಡುವ ಅರ್ಜಿ, ಅದನ್ನು ಹಾಕ್ಲಿಕ್ಕೆ ನಾವು ಉಡುಪಿಯವ್ರು ಬೆಂಗಳೂರಿಗೇ ಹೋಗ್ಬೇಕು, ಹೈಕೋರ್ಟಿನ ಬೆಂಚು ಧಾರವಾಡ, ಕಲಬುರಗಿಯಲ್ಲಿ ಉಂಟು, ಇಲ್ಲಿ ಇಲ್ಲ. ಅಲ್ಲಿ ಹೋದ್ರೂ ಜಡ್ಜ್ ಕೂತು ಪೇಪರ್ ತಿದ್ದುದಿಲ್ಲ. ನಿಯಮದಲ್ಲಿ ಇಲ್ಲದ ರಿವ್ಯಾಲ್ಯುಯೇಷನನ್ನು ಹಕ್ಕು ಅಂತ ಕೇಳುವ ಹಾಗಿಲ್ಲ ಅಂತ ಸುಪ್ರೀಂ ಕೋರ್ಟ್ 1984ರಲ್ಲೇ ಮಹಾರಾಷ್ಟ್ರ ಬೋರ್ಡಿನ ಕೇಸಲ್ಲಿ ಹೇಳಿ ಆಗಿದೆ, 2017ರ ರಣ್ ವಿಜಯ್ ಸಿಂಗ್ ಕೇಸಲ್ಲೂ ಅದೇ ದಾರಿ, ತಪ್ಪು ಕಣ್ಣಿಗೆ ಹೊಡೆಯುವ ಹಾಗೆ ಇದ್ರೆ ಮಾತ್ರ, ಅದೂ ಅಪರೂಪಕ್ಕೆ ಕೈ ಹಾಕ್ತಾರೆ. ಕನ್ಸ್ಯೂಮರ್ ಕೋರ್ಟಿಗೆ ಹೋಗುವ ಅಂದ್ರೆ ಪರೀಕ್ಷೆ ಬರೆದವ ಗ್ರಾಹಕ ಅಲ್ಲ ಅಂತ 2009ರ ಬಿಹಾರ ಬೋರ್ಡ್ ಕೇಸಿನ ತೀರ್ಪು.

ಆದ್ರೆ ತಿದ್ದಿದ ಪೇಪರ್ ನೋಡುವ ಹಕ್ಕು ನಮಗೆ ಉಂಟು, 2011ರ ಸಿಬಿಎಸ್‌ಇ ಕೇಸಲ್ಲಿ ಸಿಕ್ಕಿದ್ದು. 10 ರೂಪಾಯಿ ಪೋಸ್ಟಲ್ ಆರ್ಡರ್ ಇಟ್ಟು ಆರ್‌ಟಿಐ (ಮಾಹಿತಿ ಹಕ್ಕು) ಅರ್ಜಿ ಹಾಕಿದೆ, 30 ದಿನದೊಳಗೆ ಜೆರಾಕ್ಸ್ ಬಂತು.

ಮನೆ ಚಾವಡಿಯಲ್ಲಿ ಒಂದೊಂದೇ ಪುಟ ಹರಡಿ ನೋಡಿದೆ. ಎಲ್ಲಾ ಪುಟದಲ್ಲೂ ರೈಟ್ ಗುರುತು, ಗೀಟು, ಬದಿಯಲ್ಲಿ ಮಾರ್ಕ್. 19ನೇ ಪುಟದಲ್ಲಿ 5ಬಿ ಉತ್ತರಕ್ಕೆ ಪೆನ್ನೇ ತಾಗಿಲ್ಲ. ಮುಖಪುಟದ ಚೌಕದಲ್ಲೂ 5ಬಿ ಖಾಲಿ. 10 ಮಾರ್ಕಿನ ಪ್ರಶ್ನೆ! ಕೈ ನಡುಗಿತು ನಂಗೆ.

ಇನ್ನೊಂದು ಉತ್ತರಕ್ಕೆ 15ಕ್ಕೆ 3 ಕೊಟ್ಟಿದ್ರು, ಅದೂ ಅನ್ಯಾಯ, ಅದನ್ನೂ ಸೇರಿಸುವ ಅಂತ ನಾನು ಹಟ ಹಿಡಿದೆ. ವಕೀಲರು ಒಪ್ಲಿಲ್ಲ. ತಿದ್ದದೆ ಬಿಟ್ಟದ್ದು ಯಾರು ನೋಡಿದ್ರೂ ಕಾಣ್ತದೆ, 3 ಕಮ್ಮಿಯಾ ಸರಿಯಾ ಅನ್ನುದು ತಿದ್ದಿದವರ ಅಭಿಪ್ರಾಯ, ಎರಡನ್ನೂ ಬೆರೆಸಿದ್ರೆ ಗಟ್ಟಿ ಇರುವುದೂ ಸಡಿಲ ಆಗ್ತದೆ ಅಂದ್ರು. ಮನಸ್ಸಿಲ್ಲದೆ ಬಿಟ್ಟೆ.

ಯೂನಿವರ್ಸಿಟಿಯಲ್ಲಿ ಪರೀಕ್ಷೆ ನೋಡಿಕೊಳ್ಳುವ ಮೌಲ್ಯಮಾಪನ ಕುಲಸಚಿವರಿಗೆ 5ಬಿ ಒಂದನ್ನೇ ಹಿಡಿದು ಮನವಿ ಬರೆದು ರಿಜಿಸ್ಟರ್ಡ್ ಪೋಸ್ಟ್ ಮಾಡಿದೆ, ತಲುಪಿದ್ದಕ್ಕೆ ಸಹಿಯಾಗಿ ವಾಪಸ್ ಬರುವ ಎಡಿ ಕಾರ್ಡ್ ಜೋಪಾನ ಇಟ್ಟೆ. ಎರಡು ತಿಂಗಳು ಉತ್ತರ ಇಲ್ಲ. ಆಮೇಲೆ ರಿಟ್ ಹಾಕಿದೆ. ಹೈಕೋರ್ಟು ಕೊಟ್ಟದ್ದು ಇಷ್ಟೇ, ನಾಲ್ಕು ವಾರದಲ್ಲಿ ಇವಳ ಮನವಿ ಪರಿಶೀಲಿಸಿ ನಿರ್ಧಾರ ತಗೊಳ್ಳಿ ಅಂತ. ಯೂನಿವರ್ಸಿಟಿಯವ್ರೇ 5ಬಿ ತಿದ್ದಿಸಿದ್ರು, 6 ಬಂತು, ಪಾಸಾದೆ. ಆ 15ಕ್ಕೆ 3 ಹಾಗೇ ಉಳಿಯಿತು, ಇವತ್ತಿಗೂ ನಂಗೆ ಅದು ಸರಿ ಅನ್ಸುದಿಲ್ಲ.

ಇನ್ನೊಂದು ಮಾತು, ಕೇಸ್ ಹಾಕಿದ್ದೇವೆ ಅಂತ ರಿಪೀಟ್ ಪರೀಕ್ಷೆಯ ಫೀಸ್ ಕಟ್ಟದೆ ಕೂರ್ಬೇಡಿ. ನಾನು ಕಟ್ಟಿದ್ದೆ, ಓದ್ತಾ ಇದ್ದೆ, ಆರ್ಡರ್ ಬಂದಾಗ ಪರೀಕ್ಷೆಗೆ ಹನ್ನೊಂದು ದಿನ ಇತ್ತು.